ತೋರಿಸದ ಕಾರ್ಯಕ್ರಮಕ್ಕಾಗಿ ಹುದ್ದೆ ಬಿಟ್ಟ ಫ್ರೆಡ್ ಫ್ರೆಂಡ್ಲಿ

ಟಿ.ವಿ.ಯಲ್ಲಿ ಸಾಕ್ಷ್ಯಚಿತ್ರ ನೋಡುವಾಗ ನಮಗೆ ಕಾಣುವುದು ನಿರೂಪಕನ ಮುಖ. ಆದರೆ ಕ್ಯಾಮರಾ ಯಾವ ಊರಿಗೆ ಹೋಗಬೇಕು, ಯಾರನ್ನು ಮಾತಾಡಿಸಬೇಕು, ತಂದ ಹತ್ತು ಗಂಟೆಯ ಚಿತ್ರದಲ್ಲಿ ಯಾವ ಅರ್ಧ ಗಂಟೆ ಉಳಿಸಿಕೊಳ್ಳಬೇಕು, ಅದಕ್ಕೆ ದುಡ್ಡು ಎಲ್ಲಿಂದ ತರಬೇಕು, ತೊಂದರೆ ಬಂದರೆ ಯಾರು ಉತ್ತರ ಹೇಳಬೇಕು ಎಂಬುದೆಲ್ಲ ನಿರ್ಮಾಪಕನ ಹೊಣೆ. ಅವನ ಹೆಸರು ಮಾತ್ರ ಕೊನೆಯಲ್ಲಿ ಓಡುವ ಸಣ್ಣ ಅಕ್ಷರಗಳಲ್ಲಿ ಬಂದು ಹೋಗುತ್ತದೆ.

ಅಮೆರಿಕದ ಫ್ರೆಡ್ ಫ್ರೆಂಡ್ಲಿ ಅಂಥ ಒಬ್ಬ ನಿರ್ಮಾಪಕ. ಟಿ.ವಿ. ಸಾಕ್ಷ್ಯಚಿತ್ರ ಎಂಬುದು ಇನ್ನೂ ಕಣ್ಣು ಬಿಡುತ್ತಿದ್ದ ಕಾಲದಲ್ಲಿ ಅದಕ್ಕೊಂದು ರೂಪ ಕೊಟ್ಟವರಲ್ಲಿ ಅವರು ಮುಖ್ಯರು. ಅವರ ಹೆಸರು ಉಳಿದಿರುವುದು ಎರಡು ಕಾರಣಕ್ಕೆ. ಒಂದು, ಅವರು ಧೈರ್ಯದಿಂದ ತೋರಿಸಿದ ಕಾರ್ಯಕ್ರಮಗಳು. ಇನ್ನೊಂದು, ಕಂಪೆನಿ ತೋರಿಸಲು ಬಿಡದ ಒಂದು ಕಾರ್ಯಕ್ರಮಕ್ಕಾಗಿ ಅವರು ಕೈಬಿಟ್ಟ ದೊಡ್ಡ ಹುದ್ದೆ. ನಮ್ಮ ದೇಶದ ನೆಲದಲ್ಲೂ ಅವರು ಓಡಾಡಿದ್ದರು. ಮುಂಬಯಿ ಬಂದರಿನ ಬೆಂಕಿಯಲ್ಲಿ ಜನರನ್ನು ಉಳಿಸಲು ದುಡಿದು ಶೌರ್ಯ ಪದಕ ಪಡೆದಿದ್ದರು.

ರೇಡಿಯೋದ ಐದು ನಿಮಿಷ

ಫ್ರೆಂಡ್ಲಿ ಹುಟ್ಟಿದ್ದು 1915ರ ಅಕ್ಟೋಬರ್ 30ರಂದು, ನ್ಯೂಯಾರ್ಕ್ ನಗರದ ಯಹೂದಿ ಕುಟುಂಬದಲ್ಲಿ. ಅಪ್ಪ ಅಮ್ಮ ಇಟ್ಟ ಹೆಸರು ಫರ್ಡಿನಾಂಡ್ ಫ್ರೆಂಡ್ಲಿ ವಾಕೆನ್‌ಹೈಮರ್. ಅಪ್ಪನದು ಆಭರಣ ತಯಾರಿಕೆಯ ವ್ಯಾಪಾರ. ಮಗ ಚಿಕ್ಕವನಿದ್ದಾಗಲೇ ಅಪ್ಪ ತೀರಿಕೊಂಡರು. ಬೆಳೆದದ್ದು ರೋಡ್ ಐಲೆಂಡ್ ರಾಜ್ಯದ ಪ್ರಾವಿಡೆನ್ಸ್ ಪಟ್ಟಣದಲ್ಲಿ, ತಾಯಿಯ ಆಸರೆಯಲ್ಲಿ. ಫ್ರೆಂಡ್ಲಿ ಎಂಬುದು ತಾಯಿಯ ತವರಿನ ಹೆಸರು.

1937ರಲ್ಲಿ ಪ್ರಾವಿಡೆನ್ಸಿನ ರೇಡಿಯೋ ಕೇಂದ್ರದಲ್ಲಿ ಕೆಲಸ ಸಿಕ್ಕಿತು. ಹೆಸರಾಂತ ವ್ಯಕ್ತಿಗಳ ಜೀವನವನ್ನು ಐದೇ ನಿಮಿಷದಲ್ಲಿ ಹೇಳುವ ಕಾರ್ಯಕ್ರಮ ಅದು. ಬರೆಯುವವರೂ ಅವರೇ, ಓದುವವರೂ ಅವರೇ. ಉದ್ದದ ಹೆಸರು ರೇಡಿಯೋಗೆ ಒಗ್ಗದೆ, ಫ್ರೆಡ್ ಫ್ರೆಂಡ್ಲಿ ಎಂಬ ಹೆಸರು ಅಲ್ಲೇ ಅಂಟಿಕೊಂಡಿತು. ಒಂದು ಇಡೀ ಬದುಕನ್ನು ಐದು ನಿಮಿಷಕ್ಕೆ ಇಳಿಸಬೇಕಾದರೆ ಯಾವುದನ್ನು ಉಳಿಸಬೇಕು, ಯಾವುದನ್ನು ಬಿಡಬೇಕು ಎಂದು ತಿಳಿದಿರಬೇಕು. ಮುಂದೆ ಅವರ ಇಡೀ ವೃತ್ತಿ ನಿಂತದ್ದು ಇದೇ ವಿದ್ಯೆಯ ಮೇಲೆ.

ಮುಂಬಯಿ ಬಂದರಿನ ಬೆಂಕಿ

ಎರಡನೇ ಮಹಾಯುದ್ಧ ಅವರನ್ನು ಸೈನ್ಯಕ್ಕೆ ಎಳೆಯಿತು. ಚೀನಾ, ಬರ್ಮಾ, ಭಾರತ ಸೇರಿದ ಯುದ್ಧವಲಯದಲ್ಲಿದ್ದ ಅಮೆರಿಕನ್ ಸಿಪಾಯಿಗಳಿಗಾಗಿ ದೆಹಲಿಯಲ್ಲಿ 'ಸಿ.ಬಿ.ಐ. ರೌಂಡಪ್' ಎಂಬ ಪತ್ರಿಕೆ ಅಚ್ಚಾಗುತ್ತಿತ್ತು. ಫ್ರೆಂಡ್ಲಿ ಅದಕ್ಕೆ ವರದಿಗಾರರಾದರು. ಸಿಪಾಯಿಗಳನ್ನು ಸೇರಿಸಿ ಯುದ್ಧದ ವಿದ್ಯಮಾನಗಳನ್ನು ತಿಳಿಸಿ ಹೇಳುವ ಕೆಲಸವನ್ನೂ ಮಾಡುತ್ತಿದ್ದರು.

1944ರ ಏಪ್ರಿಲ್ 14ರ ಮಧ್ಯಾಹ್ನ ಮುಂಬಯಿಯ ವಿಕ್ಟೋರಿಯಾ ಡಾಕ್‌ನಲ್ಲಿ ನಿಂತಿದ್ದ ಫೋರ್ಟ್ ಸ್ಟಿಕೀನ್ ಹಡಗಿಗೆ ಬೆಂಕಿ ಬಿತ್ತು. ಅದರೊಳಗೆ ಹತ್ತಿ ಬೇಲುಗಳಿದ್ದವು, ಸುಮಾರು 1,400 ಟನ್ ಸ್ಫೋಟಕವಿತ್ತು, ಚಿನ್ನದ ಗಟ್ಟಿಗಳೂ ಇದ್ದವು. ಸಂಜೆ ನಾಲ್ಕರ ಸುಮಾರಿಗೆ ಒಂದರ ಹಿಂದೊಂದು ಎರಡು ಸ್ಫೋಟಗಳಾದವು. ಸುತ್ತಲಿನ ಹಡಗುಗಳು, ಗೋದಾಮುಗಳು, ವಸತಿಗಳು ಉರಿದುಹೋದವು. ನೂರಾರು ಮಂದಿ ಸತ್ತರು. ಬೆಂಕಿ ಆರಿಸಲು ಹೋದ ಅಗ್ನಿಶಾಮಕ ದಳದ ಹಲವರು ಮರಳಿ ಬರಲಿಲ್ಲ. ಭಾರತದಲ್ಲಿ ಪ್ರತಿ ವರ್ಷ ಏಪ್ರಿಲ್ 14ನ್ನು ಅಗ್ನಿಶಾಮಕ ಸೇವಾ ದಿನವಾಗಿ ಆಚರಿಸುವುದು ಅವರ ನೆನಪಿಗಾಗಿಯೇ. ಅಂದಿನ ರಕ್ಷಣಾ ಕಾರ್ಯದಲ್ಲಿ ತೋರಿದ ಧೈರ್ಯಕ್ಕಾಗಿ ಫ್ರೆಂಡ್ಲಿಗೆ ಅಮೆರಿಕ ಸೈನ್ಯದ ಸೋಲ್ಜರ್ಸ್ ಮೆಡಲ್ ಬಂತು.

ಮರುವರ್ಷ ಮೇ ತಿಂಗಳಲ್ಲಿ ಅವರು ಯುರೋಪಿನಲ್ಲಿದ್ದರು. ಆಸ್ಟ್ರಿಯಾದ ಮೌಟ್‌ಹೌಸೆನ್ ಎಂಬಲ್ಲಿದ್ದ ನಾಜಿ ಸೆರೆಶಿಬಿರ ಆಗಷ್ಟೇ ಬಿಡುಗಡೆಯಾಗಿತ್ತು. ಅಲ್ಲಿ ಕಂಡದ್ದನ್ನು ತಾಯಿಗೆ ದೀರ್ಘ ಪತ್ರದಲ್ಲಿ ಬರೆದು ತಿಳಿಸಿದರು. ಆ ಪತ್ರವನ್ನು ಅವರ ಮನೆಯವರು ಕಾಪಾಡಿಕೊಂಡು ಬಂದರು.

ಮರ್ರೋ ಜೊತೆ ಬಿದ್ದ ಗಂಟು

ಯುದ್ಧ ಮುಗಿಸಿ ಬಂದ ಫ್ರೆಂಡ್ಲಿಗೆ ಒಂದು ಆಲೋಚನೆ ಹೊಳೆದಿತ್ತು. ರೇಡಿಯೋ ಕೇಂದ್ರಗಳಲ್ಲಿ ಉಳಿದಿದ್ದ ನಾಯಕರ ದನಿಗಳನ್ನು ಜೋಡಿಸಿ ಚರಿತ್ರೆಯನ್ನೇ ಗ್ರಾಮಫೋನ್ ತಟ್ಟೆಗೆ ಇಳಿಸಿದರೆ ಹೇಗೆ? ಅದಕ್ಕೆ ನಿರೂಪಣೆ ಮಾಡಲು ಎಡ್ವರ್ಡ್ ಮರ್ರೋ ಒಪ್ಪಿಕೊಂಡರು. ಯುದ್ಧಕಾಲದಲ್ಲಿ ಲಂಡನ್ ಮೇಲೆ ಬಾಂಬು ಬೀಳುತ್ತಿದ್ದಾಗ ಅಲ್ಲಿಂದಲೇ ವರದಿ ಮಾಡಿ ಮರ್ರೋ ಅಮೆರಿಕದಲ್ಲಿ ಮನೆಮಾತಾಗಿದ್ದರು. 1948ರಲ್ಲಿ ಹೊರಬಂದ 'ಐ ಕ್ಯಾನ್ ಹಿಯರ್ ಇಟ್ ನೌ' ಎಂಬ ಆ ತಟ್ಟೆಗಳ ಸಂಪುಟ ಚೆನ್ನಾಗಿ ಮಾರಾಟವಾಯಿತು.

1950ರಲ್ಲಿ ಫ್ರೆಂಡ್ಲಿ ಮರ್ರೋ ಇದ್ದ ಸಿ.ಬಿ.ಎಸ್. ಸಂಸ್ಥೆ ಸೇರಿದರು. ಇಬ್ಬರೂ ಸೇರಿ ಮೊದಲು ರೇಡಿಯೋದಲ್ಲಿ ವಾರದ ಸುದ್ದಿ ಕಾರ್ಯಕ್ರಮ ನಡೆಸಿದರು. ಮರುವರ್ಷ ಅದನ್ನೇ ಟಿ.ವಿ.ಗೆ ತಂದರು. ಅದರ ಹೆಸರು 'ಸೀ ಇಟ್ ನೌ'.

ಇಬ್ಬರ ಸ್ವಭಾವ ಬೇರೆ ಬೇರೆ. ಮರ್ರೋ ಅಳೆದು ತೂಗಿ ಮಾತಾಡುವವರು. ಫ್ರೆಂಡ್ಲಿ ಎತ್ತರದ ಆಳು, ದೊಡ್ಡ ಗಂಟಲು, ಮುಂಗೋಪ. ಕೈಕೆಳಗಿನವರನ್ನು ರಾತ್ರಿ ಹಗಲು ದುಡಿಸುತ್ತಿದ್ದರು, ತಾವೂ ದುಡಿಯುತ್ತಿದ್ದರು. ಪ್ರಸಾರದ ಹೊತ್ತಿನಲ್ಲಿ ಕ್ಯಾಮರಾಕ್ಕೆ ಕಾಣದ ಹಾಗೆ ಮರ್ರೋ ಕಾಲ ಬಳಿ ಕುಳಿತು, ಮಾತು ಶುರು ಮಾಡುವ ಗಳಿಗೆಯನ್ನು ಕಾಲು ತಟ್ಟಿ ತಿಳಿಸುತ್ತಿದ್ದರು.

ಒಂದೇ ಹೊತ್ತಿಗೆ ಎರಡು ಸೇತುವೆ

'ಸೀ ಇಟ್ ನೌ' ಮೊದಲ ಕಂತು ಬಂದದ್ದು 1951ರ ನವೆಂಬರ್ 18ರಂದು. ಅಮೆರಿಕದ ಪೂರ್ವ ಮತ್ತು ಪಶ್ಚಿಮ ಕರಾವಳಿಗಳ ನಡುವೆ ಟಿ.ವಿ. ಸಂಪರ್ಕ ಅದೇ ವರ್ಷ ಏರ್ಪಟ್ಟಿತ್ತು. ಪೂರ್ವದ ಬ್ರೂಕ್ಲಿನ್ ಸೇತುವೆಯನ್ನೂ ಪಶ್ಚಿಮದ ಗೋಲ್ಡನ್ ಗೇಟ್ ಸೇತುವೆಯನ್ನೂ ಅಕ್ಕಪಕ್ಕದ ಎರಡು ಪರದೆಗಳಲ್ಲಿ ನೇರವಾಗಿ ತೋರಿಸಿದರು. ಇಂದು ಅಂಗೈಯ ಫೋನಿನಲ್ಲಿ ವಿದೇಶದ ಮಗನ ಮುಖ ನೋಡುವವರಿಗೆ ಇದು ಸಣ್ಣ ಸಂಗತಿ ಎನ್ನಿಸಬಹುದು. ಅಂದು ನೋಡಿದವರು ಬೆರಗಾದರು.

ಅಲ್ಲಿಯ ತನಕ ಟಿ.ವಿ. ಸುದ್ದಿಯೆಂದರೆ ಹೆಚ್ಚಾಗಿ ಒಬ್ಬರು ಕುಳಿತು ಓದುವುದು, ನಡುವೆ ಸಿನಿಮಾ ಮಂದಿರಗಳಿಗೆಂದು ತೆಗೆದ ವಾರ್ತಾಚಿತ್ರದ ತುಣುಕು ಹಾಕುವುದು. ಫ್ರೆಂಡ್ಲಿ ತಮ್ಮದೇ ಕ್ಯಾಮರಾದವರನ್ನು ಇಟ್ಟುಕೊಂಡರು. ನಟರನ್ನು ಹಾಕುತ್ತಿರಲಿಲ್ಲ. ಮಾತಾಡುವವರಿಗೆ ಮೊದಲೇ ಹೇಳಿಕೊಟ್ಟು ಅಭ್ಯಾಸ ಮಾಡಿಸುತ್ತಿರಲಿಲ್ಲ. ತೋರಿಸುವುದಕ್ಕಿಂತ ಎಷ್ಟೋ ಪಟ್ಟು ಹೆಚ್ಚು ಚಿತ್ರ ತೆಗೆದು, ನ್ಯೂಯಾರ್ಕಿನಲ್ಲಿ ಕುಳಿತು ಕತ್ತರಿಸುತ್ತಿದ್ದರು. 1952ರ ಕ್ರಿಸ್‌ಮಸ್‌ಗೆ ಕೊರಿಯಾ ಯುದ್ಧಭೂಮಿಗೇ ತಂಡ ಹೋಯಿತು. ಅಲ್ಲಿ ಸೇನಾಪತಿಗಳಿಗಿಂತ ಚಳಿಯಲ್ಲಿ ಹೆಪ್ಪುಗಟ್ಟಿದ ನೆಲ ಅಗೆಯುವ ಸಾಮಾನ್ಯ ಸಿಪಾಯಿಗೆ ಕ್ಯಾಮರಾ ಹೆಚ್ಚು ಹೊತ್ತು ಕೊಟ್ಟಿತು.

ಅಪ್ಪ ಓದಿದ ಪತ್ರಿಕೆ, ಮಗನಿಗೆ ಶಿಕ್ಷೆ

ಅದು ಅಮೆರಿಕದಲ್ಲಿ ಕಮ್ಯುನಿಸ್ಟರ ಭೀತಿ ತುಂಬಿದ್ದ ಕಾಲ. ಜೋಸೆಫ್ ಮೆಕಾರ್ಥಿ ಎಂಬ ಸೆನೆಟರ್ ಸಾಕ್ಷಿ ಇರಲಿ ಬಿಡಲಿ ಯಾರ ಮೇಲಾದರೂ ದೇಶದ್ರೋಹದ ಆರೋಪ ಹೊರಿಸುತ್ತಿದ್ದರು. ಹೆಸರು ಬಂದವರ ನೌಕರಿ ಹೋಗುತ್ತಿತ್ತು. ನೆರೆಯವರು ಮಾತು ಬಿಡುತ್ತಿದ್ದರು.

ಮಿಷಿಗನ್ ರಾಜ್ಯದಲ್ಲಿ ಮಿಲೋ ರಾಡುಲೋವಿಚ್ ಎಂಬ ಯುವಕ ವಾಯುಪಡೆಯ ಮೀಸಲು ದಳದಲ್ಲಿ ಲೆಫ್ಟಿನೆಂಟ್ ಆಗಿದ್ದ. ಅವನನ್ನು ತೆಗೆದುಹಾಕಲು ಸೈನ್ಯ ಹೊರಟಿತು. ಅವನ ಮೇಲೆ ಯಾವ ಆರೋಪವೂ ಇರಲಿಲ್ಲ. ಸರ್ಬಿಯಾ ಮೂಲದ ಅವನ ಅಪ್ಪ ತನ್ನ ಭಾಷೆಯ ಪತ್ರಿಕೆಯೊಂದನ್ನು ತರಿಸಿ ಓದುತ್ತಿದ್ದರು, ಆ ಪತ್ರಿಕೆಗೆ ಕಮ್ಯುನಿಸ್ಟರ ಒಲವಿತ್ತು. ಅಕ್ಕನ ಮೇಲೂ ಅಂಥದ್ದೇ ಸಂಶಯ. ಅಪ್ಪ ಮತ್ತು ಅಕ್ಕನ ನಂಟು ಕಡಿದುಕೊಂಡರೆ ನೌಕರಿ ಉಳಿಯುತ್ತಿತ್ತು. ಅವನು ಒಪ್ಪಲಿಲ್ಲ.

ಸ್ಥಳೀಯ ಪತ್ರಿಕೆಯಲ್ಲಿ ಬಂದ ಈ ಸುದ್ದಿ ಮರ್ರೋ ಕಣ್ಣಿಗೆ ಬಿತ್ತು. ತಂಡ ಆ ಊರಿಗೆ ಹೋಗಿ ಅಪ್ಪ, ಮಗ, ನೆರೆಹೊರೆಯವರನ್ನು ಚಿತ್ರೀಕರಿಸಿತು. 1953ರ ಅಕ್ಟೋಬರ್ 20ರಂದು ಅದು ಪ್ರಸಾರವಾಯಿತು. ಇದಕ್ಕೆ ಪತ್ರಿಕೆಯಲ್ಲಿ ಜಾಹೀರಾತು ಹಾಕಲು ಸಿ.ಬಿ.ಎಸ್. ಒಪ್ಪಲಿಲ್ಲ. ಫ್ರೆಂಡ್ಲಿ ಮತ್ತು ಮರ್ರೋ ಸ್ವಂತ ಜೇಬಿನಿಂದ 1,500 ಡಾಲರ್ ಹಾಕಿ 'ನ್ಯೂಯಾರ್ಕ್ ಟೈಮ್ಸ್'ನಲ್ಲಿ ಜಾಹೀರಾತು ಕೊಟ್ಟರು. ಐದು ವಾರಗಳ ನಂತರ ವಾಯುಪಡೆಯ ಕಾರ್ಯದರ್ಶಿ ಅದೇ ಕಾರ್ಯಕ್ರಮದಲ್ಲಿ ಕಾಣಿಸಿಕೊಂಡು, ರಾಡುಲೋವಿಚ್ ಸೇವೆಯಲ್ಲಿ ಮುಂದುವರಿಯುತ್ತಾರೆ ಎಂದು ತಿಳಿಸಿದರು.

ಮುಂದಿನ ಹೆಜ್ಜೆ ಮೆಕಾರ್ಥಿಯ ಮೇಲೆಯೇ. 1954ರ ಮಾರ್ಚ್ 9ರ ಕಾರ್ಯಕ್ರಮದ ಬಹುಭಾಗ ಮೆಕಾರ್ಥಿಯ ಸ್ವಂತ ಭಾಷಣಗಳ, ವಿಚಾರಣೆಗಳ ಚಿತ್ರ. ಅವರು ಒಂದು ಕಡೆ ಹೇಳಿದ್ದನ್ನು ದಾಖಲೆಯ ಪಕ್ಕ ಇಟ್ಟು ತೋರಿಸಲಾಯಿತು. ಪ್ರಸಾರಕ್ಕೆ ಮೊದಲು ಫ್ರೆಂಡ್ಲಿ ತಮ್ಮ ತಂಡದವರನ್ನು ಕೂಡಿಸಿ, ಯಾರದಾದರೂ ಹಿಂದಿನ ಬದುಕಿನಲ್ಲಿ ಎದುರಾಳಿಗೆ ಆಯುಧವಾಗುವಂಥದ್ದು ಏನಾದರೂ ಇದೆಯೇ ಎಂದು ವಿಚಾರಿಸಬೇಕಾಯಿತು. ಆ ದಿನಗಳ ಭಯ ಎಂಥದ್ದು ಎಂದು ತಿಳಿಯಲು ಇಷ್ಟು ಸಾಕು. ಈ ಸಲವೂ ಜಾಹೀರಾತಿನ ಖರ್ಚು ಇಬ್ಬರದೇ.

ಬಂದ ತಂತಿ, ಫೋನ್ ಕರೆಗಳಲ್ಲಿ ಬಹುಪಾಲು ಮೆಚ್ಚುಗೆಯವು. ಉತ್ತರ ಕೊಡಲು ಮೆಕಾರ್ಥಿಗೂ ಏಪ್ರಿಲ್ 6ರಂದು ಅದೇ ಸಮಯ ಬಿಟ್ಟುಕೊಡಲಾಯಿತು. ಆ ವರ್ಷದ ಡಿಸೆಂಬರ್‌ನಲ್ಲಿ ಸೆನೆಟ್ 67–22 ಮತಗಳಿಂದ ಮೆಕಾರ್ಥಿಗೆ ಛೀಮಾರಿ ಹಾಕಿತು. ಅದೆಲ್ಲ ಒಂದು ಟಿ.ವಿ. ಕಾರ್ಯಕ್ರಮದಿಂದ ಆದದ್ದು ಎನ್ನುವಂತಿಲ್ಲ. ಹಲವು ಪತ್ರಿಕೆಗಳು ಮೊದಲೇ ಅವರ ವಿರುದ್ಧ ಬರೆದಿದ್ದವು. ಸೈನ್ಯದ ಜೊತೆಗಿನ ಜಗಳದ ವಿಚಾರಣೆ ಟಿ.ವಿ.ಯಲ್ಲಿ ನೇರವಾಗಿ ಬಂದು ಜನ ಎಲ್ಲವನ್ನೂ ಕಣ್ಣಾರೆ ಕಂಡಿದ್ದರು. ಕತ್ತರಿ ಹಿಡಿದವರು ಯಾರನ್ನು ಹೇಗೆ ಬೇಕಾದರೂ ತೋರಿಸಬಹುದಲ್ಲ ಎಂಬ ಟೀಕೆಯೂ ಬಂತು. ಟೀಕೆಯಲ್ಲಿ ಹುರುಳಿಲ್ಲದೆ ಇರಲಿಲ್ಲ.

ದುಡ್ಡು ಕೊಡುವವರು ದೂರವಾದರು

ಆಗ ಒಂದು ಕಾರ್ಯಕ್ರಮದ ಖರ್ಚನ್ನು ಒಂದೇ ಕಂಪೆನಿ ಹೊರುವ ರೂಢಿಯಿತ್ತು. 'ಸೀ ಇಟ್ ನೌ'ಗೆ ಅಲ್ಯೂಮಿನಿಯಂ ತಯಾರಿಸುವ ಅಲ್ಕೋವಾ ಕಂಪೆನಿ ಪ್ರಾಯೋಜಕ. 1955ರಲ್ಲಿ ಅದು ಹಿಂದೆ ಸರಿಯಿತು. ಅದೇ ವರ್ಷ ಸಿ.ಬಿ.ಎಸ್.ನಲ್ಲಿ ಭಾರೀ ಮೊತ್ತ ಗೆಲ್ಲುವ ಕ್ವಿಜ್ ಕಾರ್ಯಕ್ರಮ ಶುರುವಾಗಿ ದೇಶವೇ ಮುಗಿಬಿದ್ದು ನೋಡಿತು. ಅಷ್ಟು ಬೆಲೆ ಬಾಳುವ ರಾತ್ರಿ ಹೊತ್ತಿನಲ್ಲಿ ಗಂಭೀರ ಸಾಕ್ಷ್ಯಚಿತ್ರ ಇಡುವುದು ಮಾಲೀಕರ ಕಣ್ಣಿಗೆ ನಷ್ಟವಾಗಿ ಕಂಡಿತು. ವಾರ ವಾರ ಬರುತ್ತಿದ್ದ 'ಸೀ ಇಟ್ ನೌ' ಆಗೊಮ್ಮೆ ಈಗೊಮ್ಮೆ ಬರತೊಡಗಿ 1958ರಲ್ಲಿ ನಿಂತಿತು.

ಆ ನಡುವೆಯೂ ಒಳ್ಳೆಯ ಕೆಲಸ ನಡೆದಿತ್ತು. 1955ರಲ್ಲಿ ಪೋಲಿಯೋ ಲಸಿಕೆ ಯಶಸ್ವಿಯಾದ ದಿನ ಅದನ್ನು ಕಂಡುಹಿಡಿದ ಜೋನಾಸ್ ಸಾಲ್ಕ್ ಕಾರ್ಯಕ್ರಮಕ್ಕೆ ಬಂದರು. ಅದೇ ವರ್ಷ ಸಿಗರೇಟಿಗೂ ಶ್ವಾಸಕೋಶದ ಕ್ಯಾನ್ಸರಿಗೂ ಇರುವ ಸಂಬಂಧದ ಬಗ್ಗೆ ಎರಡು ಕಂತು ಬಂದವು. ಬೆರಳ ನಡುವೆ ಸದಾ ಸಿಗರೇಟು ಹಿಡಿದೇ ಇರುತ್ತಿದ್ದ ಮರ್ರೋ ಅಂದು ಸೇದಲಿಲ್ಲ. ಹತ್ತು ವರ್ಷಗಳ ನಂತರ, 1965ರಲ್ಲಿ, ಅವರು ತೀರಿಕೊಂಡದ್ದು ಅದೇ ರೋಗದಿಂದ.

1958ರ ಅಕ್ಟೋಬರ್‌ನಲ್ಲಿ ಇಬ್ಬರೂ 'ಸ್ಮಾಲ್ ವರ್ಲ್ಡ್' ಎಂಬ ಹೊಸ ಕಾರ್ಯಕ್ರಮ ತಂದರು. ಬೇರೆ ಬೇರೆ ದೇಶಗಳಲ್ಲಿ ಕುಳಿತವರನ್ನು ಒಂದೇ ಹರಟೆಗೆ ಸೇರಿಸುವ ಏರ್ಪಾಡು ಅದು. ಉಪಗ್ರಹ ಪ್ರಸಾರ ಇರದಿದ್ದ ಆ ಕಾಲದಲ್ಲಿ ಅವರೆಲ್ಲ ದೂರವಾಣಿ ಸಂಪರ್ಕದಲ್ಲಿ ಮಾತಾಡುತ್ತಿದ್ದರು. ಆಯಾ ಊರಿನಲ್ಲೇ ಅವರವರ ಚಿತ್ರ ತೆಗೆದು, ರೀಲುಗಳನ್ನೆಲ್ಲ ನ್ಯೂಯಾರ್ಕಿಗೆ ತರಿಸಿ ಜೋಡಿಸುತ್ತಿದ್ದರು. ಮೊದಲ ಕಂತಿನ ಮೂವರಲ್ಲಿ ಒಬ್ಬರು ನವದೆಹಲಿಯಿಂದ ಮಾತಾಡಿದ ಪ್ರಧಾನಿ ಜವಾಹರಲಾಲ್ ನೆಹರೂ.

ನಾಚಿಕೆಯ ಸುಗ್ಗಿ

ದುಡ್ಡಿನ ಕ್ವಿಜ್‌ಗಳಲ್ಲಿ ಮೊದಲೇ ಉತ್ತರ ಹೇಳಿಕೊಟ್ಟು ಮೋಸ ಮಾಡುತ್ತಿದ್ದ ಸಂಗತಿ ಬಯಲಾದಾಗ ಟಿ.ವಿ. ಕಂಪೆನಿಗಳಿಗೆ ಮುಖ ತೋರಿಸಲಾಗದಂತಾಯಿತು. ಹೋದ ಮಾನ ಗಳಿಸಿಕೊಳ್ಳಲು ಸಿ.ಬಿ.ಎಸ್. 1959ರಲ್ಲಿ 'ಸಿ.ಬಿ.ಎಸ್. ರಿಪೋರ್ಟ್ಸ್' ಎಂಬ ಸಾಕ್ಷ್ಯಚಿತ್ರ ಸರಣಿ ಆರಂಭಿಸಿತು. ಅದರ ಮುಖ್ಯ ಹೊಣೆ ಫ್ರೆಂಡ್ಲಿಯದು.

ಸರಣಿಯ ಅತ್ಯಂತ ಹೆಸರಾದ ಕಂತು 'ಹಾರ್ವೆಸ್ಟ್ ಆಫ್ ಶೇಮ್', ಅಂದರೆ ನಾಚಿಕೆಯ ಸುಗ್ಗಿ. ಹಣ್ಣು ತರಕಾರಿ ಕೊಯ್ಯಲು ಫ್ಲೋರಿಡಾದಿಂದ ಉತ್ತರದ ರಾಜ್ಯಗಳ ತನಕ ಹೊಲದಿಂದ ಹೊಲಕ್ಕೆ ಅಲೆಯುವ ಕೂಲಿಗಳ ಕಥೆ. ಕಬ್ಬು ಕಡಿಯಲು ಮಕ್ಕಳುಮರಿ ಸಮೇತ ಗುಳೆ ಹೋಗುವವರನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬೆಳಗಿನ ಜಾವ ಮೈದಾನದಲ್ಲಿ ಗುತ್ತಿಗೆದಾರರು ಕೂಲಿ ದರ ಕೂಗಿ ಆಳುಗಳನ್ನು ಲಾರಿಗೆ ತುಂಬಿಸುವ ದೃಶ್ಯದಿಂದ ಚಿತ್ರ ತೊಡಗುತ್ತದೆ. ದಿನವಿಡೀ ದುಡಿದು ಒಂದು ಡಾಲರ್ ಗಳಿಸಿದ ತಾಯಿಯೊಬ್ಬಳು ಅದರಲ್ಲಿದ್ದಾಳೆ. ಮಗುವನ್ನು ನೋಡಿಕೊಳ್ಳುವ ಕೇಂದ್ರಕ್ಕೆ ದಿನಕ್ಕೆ 85 ಸೆಂಟ್ ಕೊಡಬೇಕಿತ್ತು. ಡೇವಿಡ್ ಲೋ ಎಂಬ ನಿರ್ಮಾಪಕ ತಿಂಗಳುಗಟ್ಟಲೆ ಆ ಜನರ ಹಿಂದೆ ತಿರುಗಿ ಇದನ್ನು ತೆಗೆದಿದ್ದರು.

ಪ್ರಸಾರಕ್ಕೆ ಆರಿಸಿಕೊಂಡ ದಿನ 1960ರ ನವೆಂಬರ್ 25. ಹಿಂದಿನ ದಿನವೇ ಅಮೆರಿಕದವರ ಥ್ಯಾಂಕ್ಸ್‌ಗಿವಿಂಗ್ ಹಬ್ಬ. ಹೊಟ್ಟೆ ತುಂಬಾ ಹಬ್ಬದೂಟ ಉಂಡವರಿಗೆ ಅದನ್ನು ಬೆಳೆದು ಕೊಟ್ಟ ಕೈಗಳನ್ನು ಮರುದಿನ ತೋರಿಸಲಾಯಿತು. ದೊಡ್ಡ ರೈತರ ಸಂಘಗಳು ಸಿಟ್ಟಾದವು. ಈ ಕಥೆಗೆ ಒಂದು ಕಹಿ ಬಾಲವೂ ಇದೆ. 1961ರಲ್ಲಿ ಅಧ್ಯಕ್ಷ ಕೆನಡಿ ಸರ್ಕಾರದ ಪ್ರಚಾರ ಸಂಸ್ಥೆಯ ಮುಖ್ಯಸ್ಥರಾದ ಮರ್ರೋ, ತಾವೇ ನಿರೂಪಿಸಿದ ಈ ಚಿತ್ರವನ್ನು ಬ್ರಿಟನ್ನಿನಲ್ಲಿ ಬಿ.ಬಿ.ಸಿ. ತೋರಿಸದಂತೆ ತಡೆಯಲು ಯತ್ನಿಸಿದರು. ಬಿ.ಬಿ.ಸಿ. ಕೇಳಲಿಲ್ಲ.

ಮರ್ರೋ ಹೋದ ಮೇಲೂ ಸರಣಿ ಸಪ್ಪೆಯಾಗಲಿಲ್ಲ. 1961ರಲ್ಲಿ ಬಾಸ್ಟನ್ನಿನ ಒಂದು ಬೀಗದ ಕೀ ಅಂಗಡಿಯ ಮರೆಯಲ್ಲಿ ನಡೆಯುತ್ತಿದ್ದ ಜೂಜು ದಂಧೆಯನ್ನೂ, ಪೊಲೀಸರೇ ಒಳಗೆ ಹೋಗಿ ಬರುವುದನ್ನೂ ಗುಪ್ತ ಕ್ಯಾಮರಾದಲ್ಲಿ ಹಿಡಿದು ತೋರಿಸಿದರು. ಆ ನಗರದ ಪೊಲೀಸ್ ಕಮಿಷನರ್ ಹುದ್ದೆ ಬಿಡಬೇಕಾಯಿತು. 1963ರಲ್ಲಿ ಕೀಟನಾಶಕಗಳ ಅಪಾಯದ ಬಗ್ಗೆ ಬರೆದ ರೇಚೆಲ್ ಕಾರ್ಸನ್ ಕುರಿತ ಕಂತು ಬರುವುದಿತ್ತು. ಐವರು ಪ್ರಾಯೋಜಕರಲ್ಲಿ ಮೂವರು ಹಿಂದೆ ಸರಿದರು. ಆದರೂ ಕಾರ್ಯಕ್ರಮ ಬಂತು.

ನಗೆನಾಟಕದ ಮರುಪ್ರಸಾರ

1964ರಲ್ಲಿ ಫ್ರೆಂಡ್ಲಿ ಸಿ.ಬಿ.ಎಸ್. ಸುದ್ದಿ ವಿಭಾಗದ ಅಧ್ಯಕ್ಷರಾದರು. ನಿರ್ಮಾಪಕನಾಗಿ ಒಂದು ಕಾರ್ಯಕ್ರಮಕ್ಕಾಗಿ ಹೋರಾಡುವುದು ಬೇರೆ, ಇಡೀ ವಿಭಾಗ ನಡೆಸುವುದು ಬೇರೆ. ಆ ವರ್ಷ ಪಕ್ಷದ ಮಹಾಧಿವೇಶನದ ಪ್ರಸಾರದಲ್ಲಿ ಎದುರಾಳಿ ಎನ್.ಬಿ.ಸಿ. ಮುಂದಾಯಿತೆಂದು, ಮುಂದಿನ ಅಧಿವೇಶನದ ನಿರೂಪಣೆಯಿಂದ ವಾಲ್ಟರ್ ಕ್ರಾಂಕೈಟ್ ಅವರನ್ನು ತೆಗೆದು ಬೇರಿಬ್ಬರನ್ನು ಕೂರಿಸಿದರು. ಅದರಿಂದ ಲಾಭವೇನೂ ಆಗಲಿಲ್ಲ. ಕ್ರಾಂಕೈಟ್ ಮುಂದೆ ಅಮೆರಿಕದ ಅತ್ಯಂತ ನಂಬಿಕೆಯ ಸುದ್ದಿಗಾರ ಎನಿಸಿಕೊಂಡರು.

1965ರ ಆಗಸ್ಟ್‌ನಲ್ಲಿ ದೊಡ್ಡ ಪರೀಕ್ಷೆ ಬಂತು. ವಿಯೆಟ್ನಾಮಿನ ಕಾಮ್ ನೆ ಎಂಬ ಹಳ್ಳಿಯಲ್ಲಿ ಅಮೆರಿಕದ ಸೈನಿಕರು ಸಿಗರೇಟು ಲೈಟರಿನಿಂದ ಬಡವರ ಗುಡಿಸಲುಗಳಿಗೆ ಬೆಂಕಿ ಇಡುವುದನ್ನು ವರದಿಗಾರ ಮಾರ್ಲಿ ಸೇಫರ್ ತಂಡ ಚಿತ್ರೀಕರಿಸಿ ಕಳಿಸಿತು. ಫ್ರೆಂಡ್ಲಿ ಅದನ್ನು ಪ್ರಸಾರ ಮಾಡಿಸಿದರು. ಅಧ್ಯಕ್ಷ ಜಾನ್ಸನ್ ಕಂಪೆನಿಯ ಹಿರಿಯರಿಗೆ ಫೋನ್ ಮಾಡಿ ಸಿಟ್ಟು ಕಾರಿದರು.

ಮರುವರ್ಷ ಫೆಬ್ರವರಿಯಲ್ಲಿ ಸೆನೆಟಿನ ವಿದೇಶ ವ್ಯವಹಾರಗಳ ಸಮಿತಿ, ಫುಲ್‌ಬ್ರೈಟ್ ಅಧ್ಯಕ್ಷತೆಯಲ್ಲಿ, ವಿಯೆಟ್ನಾಂ ಯುದ್ಧದ ಬಗ್ಗೆ ಬಹಿರಂಗ ವಿಚಾರಣೆ ತೊಡಗಿತು. ಮೊದಲ ದಿನಗಳ ವಿಚಾರಣೆಯನ್ನು ಸಿ.ಬಿ.ಎಸ್. ನೇರವಾಗಿ ತೋರಿಸಿತು. ಹಾಗೆ ತೋರಿಸಿದ ಹೊತ್ತಿನಲ್ಲಿ ಜಾಹೀರಾತಿನ ಆದಾಯ ಖೋತಾ. ಫೆಬ್ರವರಿ 10ರಂದು ಸಾಕ್ಷಿ ಹೇಳಬೇಕಿದ್ದವರು ಜಾರ್ಜ್ ಕೆನನ್. ಸೋವಿಯತ್ ಒಕ್ಕೂಟದಲ್ಲಿ ಅಮೆರಿಕದ ರಾಯಭಾರಿಯಾಗಿದ್ದ ಅನುಭವಿ. ವಿಯೆಟ್ನಾಮಿನಲ್ಲಿ ಇನ್ನಷ್ಟು ಆಳಕ್ಕೆ ಇಳಿಯಬಾರದು ಎಂಬುದು ಅವರ ವಾದ. ಎನ್.ಬಿ.ಸಿ. ಅದನ್ನು ನೇರವಾಗಿ ತೋರಿಸಿತು. ಅದೇ ಹೊತ್ತಿಗೆ ಸಿ.ಬಿ.ಎಸ್.ನಲ್ಲಿ 'ಐ ಲವ್ ಲೂಸಿ' ಎಂಬ ಹಳೆಯ ನಗೆನಾಟಕದ ಮರುಪ್ರಸಾರ ಬಂತು.

ತೀರ್ಮಾನ ಕೈಗೊಂಡವರು ಆಗಷ್ಟೇ ಮೇಲಿನ ಹುದ್ದೆಗೆ ಬಂದಿದ್ದ ಜಾನ್ ಷ್ನೈಡರ್. ಹಗಲು ಹೊತ್ತು ಟಿ.ವಿ. ನೋಡುವವರು ಹೆಚ್ಚಾಗಿ ಗೃಹಿಣಿಯರು, ಅವರಿಗೆ ಇದರಲ್ಲಿ ಆಸಕ್ತಿ ಇರಲಾರದು ಎಂಬುದು ಅವರ ಲೆಕ್ಕಾಚಾರ. ಯುದ್ಧಕ್ಕೆ ಹೊರಟ ಹುಡುಗರ ತಾಯಂದಿರೂ ಆ ಗೃಹಿಣಿಯರಲ್ಲೇ ಇದ್ದರು ಎಂಬುದು ಲೆಕ್ಕಕ್ಕೆ ಬರಲಿಲ್ಲ.

ಫೆಬ್ರವರಿ 15ರಂದು ಫ್ರೆಂಡ್ಲಿ ರಾಜೀನಾಮೆ ಕೊಟ್ಟರು. ಅವರ ಪತ್ರ 'ನ್ಯೂಯಾರ್ಕ್ ಟೈಮ್ಸ್'ನಲ್ಲಿ ಅಚ್ಚಾಯಿತು. ಮಾಲೀಕರ ಜೊತೆ ನೇರವಾಗಿ ಮಾತಾಡುತ್ತಿದ್ದವರಿಗೆ ನಡುವೆ ಇನ್ನೊಬ್ಬ ಅಧಿಕಾರಿ ಬಂದದ್ದೇ ಸಿಟ್ಟಿಗೆ ಕಾರಣ ಎಂದವರೂ ಇದ್ದರು. ಅದೂ ಒಂದು ಕಾರಣವಿರಬಹುದು. ಆದರೆ ಹದಿನಾರು ವರ್ಷ ಕಟ್ಟಿಕೊಂಡ ಜಾಗವನ್ನು, ದೇಶದ ಟಿ.ವಿ. ಸುದ್ದಿಯಲ್ಲಿ ಅದಕ್ಕಿಂತ ದೊಡ್ಡ ಕುರ್ಚಿ ಇಲ್ಲ ಎಂಬಂಥ ಹುದ್ದೆಯನ್ನು ಅವರು ಬಿಟ್ಟರು. ಐವತ್ತು ವರ್ಷ ತುಂಬಿದ್ದ ಅವರು ಮತ್ತೆ ಅಂಥ ಹುದ್ದೆಗೆ ಮರಳಲಿಲ್ಲ.

ಮೇಷ್ಟರಾದ ನಿರ್ಮಾಪಕ

ಅದೇ ವರ್ಷ ಕೊಲಂಬಿಯಾ ವಿಶ್ವವಿದ್ಯಾಲಯದ ಪತ್ರಿಕೋದ್ಯಮ ಶಾಲೆಯಲ್ಲಿ, ಗೆಳೆಯ ಮರ್ರೋ ಹೆಸರಿನ ಪ್ರಾಧ್ಯಾಪಕ ಪೀಠ ಅವರಿಗೆ ಸಿಕ್ಕಿತು. ಜೊತೆಗೆ ಫೋರ್ಡ್ ಫೌಂಡೇಷನ್ನಿನ ಟಿ.ವಿ. ಸಲಹೆಗಾರರೂ ಆದರು. ಜಾಹೀರಾತಿನ ಹಂಗಿಲ್ಲದ ಟಿ.ವಿ. ಬೇಕು ಎಂಬುದು ಅವರ ಹಟ. ಉಪಗ್ರಹ ಪ್ರಸಾರದಿಂದ ಉಳಿಯುವ ಹಣವನ್ನು ಅದಕ್ಕೆ ಬಳಸಬಹುದೆಂಬ ಯೋಜನೆಯನ್ನು 1966ರಲ್ಲೇ ಮುಂದಿಡುವುದರಲ್ಲಿ ಅವರ ಪಾತ್ರವಿತ್ತು. ಆ ಯೋಜನೆ ಹಾಗೆಯೇ ಜಾರಿಗೆ ಬರಲಿಲ್ಲ. ಆದರೆ ಅದರಿಂದ ಹುಟ್ಟಿದ ಚರ್ಚೆ ವ್ಯರ್ಥವಾಗಲಿಲ್ಲ. 1967ರಲ್ಲಿ ಅಮೆರಿಕ ಸಾರ್ವಜನಿಕ ಪ್ರಸಾರದ ಕಾನೂನು ಮಾಡಿತು. ಪಿ.ಬಿ.ಎಸ್. ಎಂಬ ಸಾರ್ವಜನಿಕ ಟಿ.ವಿ. ಜಾಲ ಬಂದದ್ದು ಅದರ ನಂತರ.

1968ರಲ್ಲಿ ಕಪ್ಪು ಜನರಿಗೂ ಇತರ ಅಲ್ಪಸಂಖ್ಯಾತರಿಗೂ ಟಿ.ವಿ. ಪತ್ರಿಕೋದ್ಯಮ ಕಲಿಸುವ ಬೇಸಿಗೆ ತರಬೇತಿಯನ್ನು ಕೊಲಂಬಿಯಾದಲ್ಲಿ ಶುರು ಮಾಡಿದರು. ಸುದ್ದಿಮನೆಗಳಲ್ಲಿ ಆ ಸಮುದಾಯದವರು ಬೆರಳೆಣಿಕೆಯಷ್ಟೂ ಇರದಿದ್ದ ಕಾಲ ಅದು. ತೆಗೆದ ಚಿತ್ರ ಎಷ್ಟೇ ಒಳ್ಳೆಯದಿರಲಿ, ತೆಗೆಯುವವರೆಲ್ಲ ಒಂದೇ ಬೀದಿಯವರಾದರೆ ಉಳಿದ ಬೀದಿಗಳು ಕಾಣುವುದಿಲ್ಲ.

1974ರಿಂದ ಅವರು ಇನ್ನೊಂದು ಬಗೆಯ ಕಾರ್ಯಕ್ರಮ ಬೆಳೆಸಿದರು. ನ್ಯಾಯಾಧೀಶರು, ಪತ್ರಕರ್ತರು, ಪೊಲೀಸರು, ರಾಜಕಾರಣಿಗಳನ್ನು ಒಂದೇ ಸುತ್ತಿನಲ್ಲಿ ಕೂರಿಸಿ ಒಂದು ಕಲ್ಪಿತ ಸಂಕಟವನ್ನು ಅವರ ಮುಂದಿಡುವುದು. ನೀವಾಗಿದ್ದರೆ ಏನು ಮಾಡುತ್ತೀರಿ ಎಂದು ಬಿಡದೆ ಕೇಳುವುದು. ಒಂದು ಪ್ರಶ್ನೆಗೆ ಉತ್ತರ ಕೊಟ್ಟ ಕೂಡಲೇ ಸಂದರ್ಭವನ್ನು ಇನ್ನಷ್ಟು ಬಿಗಿ ಮಾಡುವುದು. ಸುಲಭದ ಉತ್ತರ ಕೊಟ್ಟು ಯಾರೂ ತಪ್ಪಿಸಿಕೊಳ್ಳುವಂತಿರಲಿಲ್ಲ. 1984ರಲ್ಲಿ ಅಮೆರಿಕದ ಸಂವಿಧಾನದ ಬಗೆಗಿನ ಇಂಥ ಸರಣಿ ಪಿ.ಬಿ.ಎಸ್.ನಲ್ಲಿ ಬಂದು ಹೆಸರಾಯಿತು.

ಫ್ರೆಂಡ್ಲಿ 1998ರ ಮಾರ್ಚ್ 3ರಂದು ನ್ಯೂಯಾರ್ಕಿನ ತಮ್ಮ ಮನೆಯಲ್ಲಿ ತೀರಿಕೊಂಡರು. ವಯಸ್ಸು 82. 2005ರಲ್ಲಿ ಬಂದ 'ಗುಡ್ ನೈಟ್ ಅಂಡ್ ಗುಡ್ ಲಕ್' ಸಿನಿಮಾ ಮೆಕಾರ್ಥಿ ಕಾಲದ ಕಥೆಯನ್ನು ಹೊಸ ತಲೆಮಾರಿಗೆ ಹೇಳಿತು. ಅದರಲ್ಲಿ ಫ್ರೆಂಡ್ಲಿ ಪಾತ್ರ ಮಾಡಿದವರು ಸಿನಿಮಾದ ನಿರ್ದೇಶಕ ಜಾರ್ಜ್ ಕ್ಲೂನಿ.

ಇಂದು ನಮ್ಮ ಮನೆಯ ಟಿ.ವಿ.ಯಲ್ಲಿ ಎರಡು ಮೂರು ಭಾಷೆಯ ಸುದ್ದಿ ಚಾನೆಲುಗಳು ಹಗಲು ರಾತ್ರಿ ಓಡುತ್ತವೆ. ಅವು ಏನು ತೋರಿಸುತ್ತಿವೆ ಎಂದು ಎಲ್ಲರೂ ನೋಡುತ್ತಾರೆ. ಏನು ತೋರಿಸದೆ ಬಿಟ್ಟವು, ಯಾರ ಲಾಭಕ್ಕಾಗಿ ಬಿಟ್ಟವು ಎಂದು ಕೇಳುವವರು ಕಡಿಮೆ. ಫ್ರೆಂಡ್ಲಿ ಅದನ್ನು ಕೇಳಿದರು, ಮತ್ತು ಕೇಳಿದ್ದಕ್ಕೆ ಬೆಲೆ ತೆತ್ತರು.